"ಸಿಕ್ಕಿದ್ರೆ ಚೆನ್ನಾಗಿತ್ತು" ಅನ್ನೋದು ಕೋರಿಕೆಯಾ, ಆದೇಶವಾ?

ಮೂರನೇ_ಬೆಂಚು (ಚರ್ಚೆ ಶುರು ಮಾಡಿದವರು)

ಒಂದು ಜಗಳ ಬಿಡಿಸಿಕೊಡಿ. ಸಣ್ಣದೇ, ಆದರೆ ಎರಡು ದಿನದಿಂದ ತಲೆ ಕೊರೆಯುತ್ತಿದೆ.

ಬುಧವಾರ ಸಂಜೆ ನಮ್ಮ ಮ್ಯಾನೇಜರ್ ನನ್ನ ಮೇಜಿನ ಹತ್ತಿರ ಬಂದು, "ಆ ವರದಿ ನಾಳೆ ಬೆಳಿಗ್ಗೆಗೆ ಸಿಕ್ಕಿದ್ರೆ ಚೆನ್ನಾಗಿತ್ತು" ಅಂದರು. ನಾನು "ಹೌದು ಸರ್" ಅಂದೆ. ಅವರು ಹೋದರು. ನಾನೂ ಮನೆಗೆ ಹೋದೆ. ಗುರುವಾರ ಬೆಳಿಗ್ಗೆ ಎಲ್ಲರ ಎದುರು "ನಿನ್ನೆನೇ ಹೇಳಿದ್ದೆನಲ್ಲ, ಯಾಕೆ ಮಾಡಿಲ್ಲ?" ಅಂತ ತರಾಟೆ.

ನನ್ನ ವಾದ ಇಷ್ಟೇ. ಅವರು "ಮಾಡಿ" ಅನ್ನಲಿಲ್ಲ. "ಮಾಡ್ತೀರಾ?" ಅಂತ ಕೇಳಲೂ ಇಲ್ಲ. ತಮಗೆ ಏನಾದರೆ ಚೆನ್ನ ಅಂತ ಹೇಳಿಕೊಂಡರು, ಅಷ್ಟೇ. "ಮಳೆ ಬಂದ್ರೆ ಚೆನ್ನಾಗಿತ್ತು" ಅಂತ ಯಾರಾದರೂ ಅಂದರೆ ನಾನು ಹೋಗಿ ಮೋಡ ಎಳೆದು ತರಬೇಕಾ? ಪಕ್ಕದ ಸೀಟಿನವನು ಮಾತ್ರ "ನಿನಗೆ ಕನ್ನಡ ಬರಲ್ವೇನೋ, ಅದು ಆರ್ಡರ್" ಅಂತಾನೆ.

ಮಾತಿನಲ್ಲೇ ಇಲ್ಲದ ಆದೇಶ ಎಲ್ಲಿಂದ ಬಂತು?

ಚುಟುಕು

ಆರ್ಡರ್. ಮುಂದಿನ ಪ್ರಶ್ನೆ.

ಸೀದಾಸಾದಾ

ನಾನು ನಿಮ್ಮ ಪಕ್ಷ. ಬೇಕಿದ್ದರೆ ಬಾಯಿ ಬಿಟ್ಟು "ಮಾಡಿ" ಅನ್ನಬೇಕು. ಎರಡಕ್ಷರದ ಮಾತು, ಅದಕ್ಕೇನು ಬರ?

ಅರೆಬರೆ_ಪಂಡಿತ

ನಿಮಗೆ ಎರಡೇ ದಿನದ ತಲೆನೋವು. ತತ್ವಶಾಸ್ತ್ರದವರಿಗೆ ಎಪ್ಪತ್ತು ವರ್ಷದಿಂದ ಇದೆ.

ಆಕ್ಸ್‌ಫರ್ಡ್‌ನಲ್ಲಿ ಜೆ. ಎಲ್. ಆಸ್ಟಿನ್ ಅಂತ ಒಬ್ಬ ಮೇಷ್ಟ್ರು ಇದ್ದರು. 1955ರಲ್ಲಿ ಹಾರ್ವರ್ಡ್‌ನಲ್ಲಿ ಈ ವಿಷಯದ ಮೇಲೆ ಉಪನ್ಯಾಸ ಕೊಟ್ಟರು. 1960ರಲ್ಲಿ ತೀರಿಕೊಂಡರು, ಪುಸ್ತಕ ಹೊರಬಂದದ್ದು 1962ರಲ್ಲಿ. ಅವರು ಹೇಳಿದ್ದು ಕೇಳಿದರೆ ಇದರಲ್ಲೇನಿದೆ ಅನಿಸುತ್ತದೆ: ಎಲ್ಲ ಮಾತೂ ಸುದ್ದಿ ಹೇಳುವುದಿಲ್ಲ, ಕೆಲವು ಮಾತು ಕೆಲಸ ಮಾಡುತ್ತವೆ. "ನಿನಗೆ ಮಾತು ಕೊಡ್ತೀನಿ" ಅನ್ನುವುದು ಮಾತು ಕೊಟ್ಟ ಸುದ್ದಿ ಅಲ್ಲ. ಅಂದದ್ದೇ ಕೊಟ್ಟದ್ದು. ಅದು ನಿಜವಾ ಸುಳ್ಳಾ ಅಂತ ಕೇಳಿದರೆ ಅರ್ಥವಿಲ್ಲ. ನಡೆಯಿತಾ, ಕೆಟ್ಟಿತಾ ಅಂತ ಕೇಳಬಹುದು. ಹಡಗಿಗೆ ಹೆಸರಿಡುವ ಅಧಿಕಾರ ಇಲ್ಲದವನು ಹೋಗಿ ಹೆಸರಿಟ್ಟರೆ ಅವನು ಸುಳ್ಳು ಹೇಳಿದ ಹಾಗೆ ಆಗಲ್ಲ, ಆ ಕೆಲಸವೇ ಆಗಲಿಲ್ಲ.

ಆಮೇಲೆ ಅವರೇ ಇನ್ನೂ ಮುಂದೆ ಹೋಗಿ, ಪ್ರತಿ ಮಾತಿಗೂ ಮೂರು ಪದರ ಇದೆ ಅಂದರು. ಬಾಯಿಂದ ಬಂದ ಪದ ಒಂದು. ಅದನ್ನು ಆಡುತ್ತಾ ಮಾಡಿದ ಕೆಲಸ ಇನ್ನೊಂದು. ಆಡಿದ್ದರಿಂದ ಆದ ಪರಿಣಾಮ ಮೂರನೆಯದು. ನಿಮ್ಮ ಕೇಸಿನಲ್ಲಿ ಪದದ ಬಗ್ಗೆ ತಕರಾರಿಲ್ಲ, ಆಸೆ ಹೇಳಿಕೊಂಡರು. ಪರಿಣಾಮದ ಬಗ್ಗೆಯೂ ಇಲ್ಲ, ನೀವು ಮನೆಗೆ ಹೋದಿರಿ. ಜಗಳ ಇರುವುದು ನಡುವಿನ ಪದರದ ಮೇಲೆ.

ಮೂರನೇ_ಬೆಂಚು

ಅದೇ ನಾನೂ ಕೇಳ್ತಿರೋದು. ನಡುವಿನ ಪದರ ಯಾರು ತೀರ್ಮಾನ ಮಾಡೋದು? ಹೇಳಿದವರಾ, ಕೇಳಿಸಿಕೊಂಡವರಾ?

ಅವಳಿ_ಅಮ್ಮ

ನನ್ನ ಮನೆಯಲ್ಲಿ ಕೇಳಿಸಿಕೊಂಡವರು. ಅವರಿಗೆ ನಾಲ್ಕು ವರ್ಷ.

"ಆಟದ ಸಾಮಾನು ಎತ್ತಿಡ್ತೀರಾ?" ಅಂದೆ ಒಂದು ದಿನ. ಒಬ್ಬಳು "ಇಲ್ಲ" ಅಂದಳು. ಇನ್ನೊಬ್ಬಳು ಯೋಚನೆ ಮಾಡಿ "ನಾನೂ ಇಲ್ಲ" ಅಂದಳು. ಸಿಟ್ಟು ಮಾಡೋಕೆ ನನಗೆ ದಾರಿಯೇ ಇರಲಿಲ್ಲ. ಪ್ರಶ್ನೆ ಕೇಳಿದ್ದೆ, ಉತ್ತರ ಸಿಕ್ಕಿತ್ತು.

ಅವರಿಗೆ ಅರ್ಥ ಆಗಿರಲಿಲ್ಲ ಅಂತ ಮಾತ್ರ ಅಂದುಕೊಳ್ಳಬೇಡಿ. ತಮಗೆ ಬೇಕಾದಾಗ "ಅಮ್ಮಾ, ಆ ಬೊಂಬೆ ತುಂಬಾ ಮೇಲಿದೆ" ಅಂತಾರೆ. ಅದು ಬೊಂಬೆ ಎಲ್ಲಿದೆ ಅನ್ನೋ ವರದಿಯಾ?

ಚುಟುಕು

ಮೂರನೇ ಬೆಂಚಿನವರೇ, ನಿಮ್ಮ ವಯಸ್ಸು ನಾಲ್ಕಾ?

ಅರೆಬರೆ_ಪಂಡಿತ

ಅವಳಿ ಅಮ್ಮನವರು ಸರಿಯಾದ ಜಾಗಕ್ಕೆ ಕೈ ಹಾಕಿದರು. ಇದನ್ನು ಬಿಡಿಸಿದ್ದು ಅಮೆರಿಕದ ತತ್ವಶಾಸ್ತ್ರಜ್ಞ ಜಾನ್ ಸರ್ಲ್. 1969ರಲ್ಲಿ ಆಸ್ಟಿನ್ ಮಾತನ್ನು ಒಪ್ಪ ಮಾಡಿ ಪುಸ್ತಕ ಬರೆದರು. 1975ರಲ್ಲಿ ಈ ಸುತ್ತುಬಳಸು ಮಾತಿನ ಮೇಲೆಯೇ ಒಂದು ಲೇಖನ ಬರೆದರು.

ಕೋರಿಕೆ ನಿಲ್ಲಬೇಕಾದರೆ ಕೆಲವು ಷರತ್ತು ಬೇಕು. ಆ ಕೆಲಸ ಕೇಳುವವನ ಕೈಯಲ್ಲಿ ಆಗಬೇಕು. ಹೇಳುವವನಿಗೆ ಅದು ನಿಜಕ್ಕೂ ಬೇಕಿರಬೇಕು. ಹೇಳದಿದ್ದರೂ ತಾನಾಗಿ ಆಗಿಬಿಡುತ್ತಿತ್ತು ಅನ್ನುವಂತಿರಬಾರದು. ಈಗ ನೋಡಿ, ಇವುಗಳಲ್ಲಿ ಒಂದನ್ನು ಸುಮ್ನೆ ಮುಟ್ಟಿದರೆ ಸಾಕು, ಇಡೀ ಕೋರಿಕೆ ಎದ್ದು ನಿಲ್ಲುತ್ತದೆ. "ಕಿಟಕಿ ಮುಚ್ಚೋಕೆ ಆಗುತ್ತಾ?" ಮೊದಲನೆಯದನ್ನು ಮುಟ್ಟಿತು. "ಕಿಟಕಿ ಮುಚ್ಚಿದ್ರೆ ಚೆನ್ನಾಗಿತ್ತು" ಎರಡನೆಯದನ್ನು.

ಈಗ ನಿಮ್ಮ ಮಳೆಗೆ ಬರೋಣ. ಮಳೆ ತರುವುದು ನಿಮ್ಮ ಕೈಯಲ್ಲಿಲ್ಲ. ಹಾಗಾಗಿ ಆ ಮಾತು ಬರೀ ಆಸೆಯಾಗಿಯೇ ಉಳಿಯಿತು. ವರದಿ ನಿಮ್ಮ ಕೈಯಲ್ಲಿತ್ತು. ವ್ಯತ್ಯಾಸ ವಾಕ್ಯದಲ್ಲಿ ಇಲ್ಲ ಸ್ವಾಮಿ, ವಾಕ್ಯ ಯಾರ ಮುಂದೆ ಬಿತ್ತು ಅನ್ನುವುದರಲ್ಲಿದೆ.

ಮೂರನೇ_ಬೆಂಚು

ಸರಿ, ಮಳೆ ವಾಪಸ್ ತಗೊಂಡೆ.

ಸೀದಾಸಾದಾ

ಒಂದು ನಿಮಿಷ, ಇಷ್ಟು ಬೇಗ ಶರಣಾಗಬೇಡಿ. ಪಂಡಿತರು ಇದು *ಕೋರಿಕೆ* ಅಂತ ತೋರಿಸಿದರು. ಕೋರಿಕೆಗೆ ಆಗಲ್ಲ ಅನ್ನಬಹುದು ಅಲ್ವಾ? ಹಾಗಾದರೆ ತರಾಟೆ ಯಾಕೆ?

ನನ್ನ ಅನುಮಾನ ಬೇರೆ. ಸುತ್ತಿ ಬಳಸಿ ಮಾತಾಡುವುದು ಮರ್ಯಾದೆ ಅಂತ ಎಲ್ಲರೂ ಅಂದುಕೊಂಡಿದ್ದೇವೆ. ಮೇಲಿನವರು ಹಾಗೆ ಮಾತಾಡಿದರೆ ಅದು ಜಾರಿಕೊಳ್ಳುವ ದಾರಿ. ಕೆಲಸ ಆದರೆ ಅವರು ಹೇಳಿದ್ದು. ಕೆಟ್ಟರೆ "ನಾನೆಲ್ಲಿ ಹೇಳಿದೆ?"

ಇಂಗ್ಲೆಂಡಿನ ರಾಜ ಎರಡನೇ ಹೆನ್ರಿ ಕಥೆ ಗೊತ್ತಲ್ಲ. ಆರ್ಚ್‌ಬಿಷಪ್ ಥಾಮಸ್ ಬೆಕೆಟ್ ಮೇಲೆ ಸಿಟ್ಟು. ಈ ಪಾದ್ರಿಯ ಕಾಟ ತಪ್ಪಿಸೋರು ಯಾರೂ ಇಲ್ಲವಾ ಅನ್ನುವ ಅರ್ಥದಲ್ಲಿ ಗೊಣಗಿದನಂತೆ. ನಿಖರವಾದ ಮಾತು ಏನಿತ್ತೋ, ಆಮೇಲಿನವರು ಒಬ್ಬೊಬ್ಬರು ಒಂದೊಂದು ಥರ ಹೇಳುತ್ತಾರೆ. ನಾಲ್ಕು ಜನ ಸರದಾರರು ಅದನ್ನು ಆದೇಶ ಅಂತ ಕೇಳಿಸಿಕೊಂಡರು. 1170ರ ಡಿಸೆಂಬರ್ 29ರಂದು ಕ್ಯಾಂಟರ್ಬರಿಯ ಚರ್ಚಿನೊಳಗೇ ಬೆಕೆಟ್‌ನನ್ನು ಕೊಂದರು. ಮುಂದೆ ರಾಜ ಪ್ರಾಯಶ್ಚಿತ್ತ ಮಾಡಿಕೊಂಡ. ಆದರೆ ನಾನು ಕೊಲ್ಲಿ ಅಂದಿರಲಿಲ್ಲ ಅಂತ ಹೇಳೋ ಬಾಗಿಲು ಅವನಿಗೆ ತೆರೆದೇ ಇತ್ತು.

ತೋಪು_ತುಪಾಕಿ

ಇದರ ಉಲ್ಟಾ ಕಥೆ ನನ್ನ ಹತ್ತಿರ ಇದೆ. ಆದೇಶವನ್ನು ಕೋರಿಕೆ ಅಂತ ಕೇಳಿಸಿಕೊಂಡದ್ದು.

ಅಮೆರಿಕದ ಅಂತರ್ಯುದ್ಧದ ಗೆಟ್ಟಿಸ್‌ಬರ್ಗ್ ಕದನ, 1863ರ ಜುಲೈ 1. ದಕ್ಷಿಣದ ಸೇನಾಪತಿ ಲೀ ತನ್ನ ಕೈಕೆಳಗಿನ ಯೂಯಲ್‌ಗೆ ಹೇಳಿ ಕಳಿಸಿದ: ಆ ಗುಡ್ಡ ಹಿಡಿ, *ಸಾಧ್ಯವಾದರೆ*. ಲೀ ಮಾತಾಡುತ್ತಿದ್ದದ್ದೇ ಹಾಗೆ, ದೊಡ್ಡ ಮನುಷ್ಯನ ಮರ್ಯಾದೆಯ ಮಾತು. ಯೂಯಲ್ ನೋಡಿದ, ಸಾಧ್ಯವಿಲ್ಲ ಅನಿಸಿತು, ನುಗ್ಗಲಿಲ್ಲ. ಗುಡ್ಡ ಎದುರಾಳಿಯ ಕೈಯಲ್ಲೇ ಉಳಿಯಿತು. ಅವನ ಹಿಂದಿನವನು, ಜಾಕ್ಸನ್, ಬದುಕಿದ್ದರೆ ಅದೇ ಮಾತನ್ನು "ಹಿಡಿ" ಅಂತಲೇ ಓದುತ್ತಿದ್ದ ಅಂತ ಇವತ್ತಿಗೂ ವಾದ ಮಾಡುವವರಿದ್ದಾರೆ.

ಯೂಯಲ್ ತಪ್ಪೇನಿದೆ ಹೇಳಿ? "ಸಾಧ್ಯವಾದರೆ" ಅಂದರೆ ಸಾಧ್ಯವಾದರೆ.

ಚುಟುಕು

ಯೂಯಲ್ ಕೂಡ ಮೂರನೇ ಬೆಂಚು.

ಜಗಲಿ_ಮಾತು

ಅಷ್ಟು ಹಿಂದೆ ಯಾಕೆ ಹೋಗ್ತೀರಿ. 2017ರ ಜೂನ್ 8ರಂದು ಅಮೆರಿಕದ ಸೆನೆಟ್ ಸಮಿತಿಯ ಮುಂದೆ ಇದೇ ಚರ್ಚೆ ನಡೆಯಿತು. ಒಂದು ತನಿಖೆಯನ್ನು ಕೈಬಿಡುತ್ತೀರಿ ಅಂತ *ಆಶಿಸುತ್ತೇನೆ* ಅಂತ ಅಧ್ಯಕ್ಷ ಟ್ರಂಪ್ ತಮಗೆ ಹೇಳಿದರು ಅಂತ ಎಫ್‌ಬಿಐ ಮಾಜಿ ಮುಖ್ಯಸ್ಥ ಕೋಮಿ ಸಾಕ್ಷಿ ಹೇಳಿದರು. ಅಧ್ಯಕ್ಷರು ಅದನ್ನು ಅಲ್ಲಗಳೆದರು, ಆ ಮಾತು ಬೇರೆ. ಒಬ್ಬ ಸೆನೆಟರ್ ಹಿಡಿದದ್ದು ಮೂರನೇ ಬೆಂಚಿನವರ ವಾದವನ್ನೇ: ಆಶಿಸುತ್ತೇನೆ ಅಂದರು, ಆದೇಶಿಸುತ್ತೇನೆ ಅನ್ನಲಿಲ್ಲವಲ್ಲ? ತಾನು ಅದನ್ನು ನಿರ್ದೇಶನ ಅಂತಲೇ ತಗೊಂಡೆ ಅಂದರು ಕೋಮಿ. ಅವತ್ತು ಆ ಹೆನ್ರಿ ರಾಜನ ಮಾತೂ ಅಲ್ಲಿ ಬಂತು!

ನಿರ್ವಾಹಕ

ರಾಜಕೀಯಕ್ಕೆ ಇಳಿಯದೇ ಇದ್ದರೆ ಒಳ್ಳೆಯದಿತ್ತು.

ಜಗಲಿ_ಮಾತು

ನಿರ್ವಾಹಕರೇ, ಇದು ಕೋರಿಕೆಯಾ ಆದೇಶವಾ?

ನಿರ್ವಾಹಕ

ಇನ್ನೊಂದು ಪೋಸ್ಟ್ ಹಾಕಿ ನೋಡಿ, ತಿಳಿಯುತ್ತೆ.

ವ್ಯಾಕರಣದಕ್ಕ

ಇಷ್ಟು ಹೊತ್ತು ಹೊರಗಿನ ಉದಾಹರಣೆಗಳೇ ಆದವು. ಸ್ವಲ್ಪ ನಮ್ಮ ಭಾಷೆ ನೋಡೋಣ.

ಶಾಲೆಯಲ್ಲಿ ವಿಧ್ಯರ್ಥಕ ಕ್ರಿಯಾಪದ ಅಂತ ಓದಿದ್ದೀರಿ: ಮಾಡು, ಮಾಡಿರಿ, ಮಾಡಲಿ, ಮಾಡೋಣ. ಆಜ್ಞೆ, ಆಶೀರ್ವಾದ, ಅಪ್ಪಣೆ, ಹಾರೈಕೆ, ಎಲ್ಲಕ್ಕೂ ಅದೇ ಅಂತ ಪುಸ್ತಕವೇ ಹೇಳುತ್ತದೆ. ಅಂದರೆ ಕ್ರಿಯಾಪದದ ರೂಪ ನೋಡಿ ಕೆಲಸ ಯಾವುದು ಅಂತ ಹೇಳಲು ಆಗುವುದಿಲ್ಲ. "ನೂರು ವರ್ಷ ಬಾಳು" ಅಂತ ಹಿರಿಯರು ಹರಸಿದರೆ ಅದು ಹುಕುಂ ಅಲ್ಲ. "ಹಾಳಾಗಿ ಹೋಗು" ಅಂದರೂ ಯಾರೂ ಎದ್ದು ಹೊರಡುವುದಿಲ್ಲ.

ಇದನ್ನು ಪಾಣಿನಿ ಎಷ್ಟು ಚೆನ್ನಾಗಿ ಬಿಡಿಸಿದ್ದಾನೆ ನೋಡಿ. ಸಂಸ್ಕೃತದ ಲಿಙ್ ರೂಪ ("ಮಾಡಬೇಕು, ಮಾಡಲಿ" ಅನ್ನುವಂಥ ಕ್ರಿಯಾರೂಪ) ಯಾವಾಗ ಬರುತ್ತದೆ ಅಂತ ಅಷ್ಟಾಧ್ಯಾಯಿಯ 3.3.161ನೇ ಸೂತ್ರದಲ್ಲಿ ಆರು ಅರ್ಥ ಕೊಡುತ್ತಾನೆ: ವಿಧಿ, ನಿಮಂತ್ರಣ, ಆಮಂತ್ರಣ, ಅಧೀಷ್ಟ, ಸಂಪ್ರಶ್ನ, ಪ್ರಾರ್ಥನೆ. ನಿಮಂತ್ರಣ, ಆಮಂತ್ರಣ ಎರಡೂ ನಮಗೆ ಇವತ್ತು ಒಂದೇ, ಕರೆಯೋಲೆ. ವ್ಯಾಖ್ಯಾನಕಾರರಿಗೆ ಒಂದಲ್ಲ. ನಿಮಂತ್ರಣ ಅಂದರೆ ತಪ್ಪಿಸಿಕೊಳ್ಳುವಂತಿಲ್ಲ, ಮಾಡಲೇಬೇಕು. ಆಮಂತ್ರಣ ಅಂದರೆ ನಿಮ್ಮಿಷ್ಟ, ಬೇಕಾದರೆ ಮಾಡಿ. ಅಧೀಷ್ಟ ಅಂದರೆ ಗೌರವ ಕೊಟ್ಟು ಕೆಲಸಕ್ಕೆ ಹಚ್ಚುವುದು. ಎಲ್ಲಕ್ಕೂ ಕ್ರಿಯಾಪದ ಒಂದೇ!

ಸೀದಾಸಾದಾ ಅವರ ಪ್ರಶ್ನೆಗೆ ಉತ್ತರ ಇಲ್ಲೇ ಇದೆ ಅನಿಸುತ್ತದೆ. ಕೋರಿಕೆಯಾ ಆದೇಶವಾ ಅನ್ನುವುದಕ್ಕೆ "ಆಗಲ್ಲ" ಅಂದರೆ ಏನಾಗುತ್ತದೆ ಅಂತ ನೋಡಬೇಕು. ಏನೂ ಆಗಲ್ಲ ಅಂದರೆ ಆಮಂತ್ರಣ. ಆಗುತ್ತದೆ ಅಂದರೆ ಎಷ್ಟೇ ಬೆಣ್ಣೆಯಂಥ ಮಾತಾದರೂ ನಿಮಂತ್ರಣ.

ಮೂರನೇ_ಬೆಂಚು

ಅಕ್ಕ, ಅಂದರೆ ನನಗೆ ಬಂದದ್ದು ನಿಮಂತ್ರಣ, ನಾನು ಓದಿದ್ದು ಆಮಂತ್ರಣ?

ವ್ಯಾಕರಣದಕ್ಕ

ಹೌದಪ್ಪ. ತರಾಟೆ ಬಿದ್ದ ಮೇಲೆ ಗೊತ್ತಾಯಿತು ಅನ್ನುವುದೇ ಬೇಜಾರು.

ಹಳೇ_ಫೈಲು

ನಾನು ಮೂವತ್ತು ವರ್ಷ ಕಚೇರಿ ಪತ್ರ ಬರೆದವನು. ಬರವಣಿಗೆಯಲ್ಲಿ ಈ ಗೊಂದಲ ಇಲ್ಲ. "ಹಾಜರಾಗತಕ್ಕದ್ದು" ಅಂದರೆ ಹಾಜರಾಗಬೇಕು, ಚರ್ಚೆ ಇಲ್ಲ. "ಅವಗಾಹನೆಗಾಗಿ" ಅಂತ ಬಂದರೆ ಓದಿ ಇಟ್ಟುಕೊಳ್ಳಿ. "ಸೂಕ್ತ ಕ್ರಮಕ್ಕಾಗಿ" ಅಂತ ಬಂದರೆ ಕೆಲಸ ನಿಮ್ಮ ತಲೆಗೆ ಬಂತು. ಒಂದು ಪದ ಅದಲು ಬದಲಾದರೆ ಫೈಲು ಒಂದು ವರ್ಷ ಮಲಗುತ್ತದೆ. ಮಲಗಿದ್ದನ್ನು ನೋಡಿದ್ದೇನೆ, ಒಂದೆರಡನ್ನು ನಾನೇ ಮಲಗಿಸಿದ್ದೇನೆ.

ಇನ್ನೊಂದು ನಮ್ಮ ಹಳೇ ಮಂತ್ರ, "ಈ ಮೂಲಕ". "ಈ ಮೂಲಕ ಆದೇಶಿಸಲಾಗಿದೆ."

ಅರೆಬರೆ_ಪಂಡಿತ

ಹಳೇ ಫೈಲು ಸರ್, ಆಸ್ಟಿನ್ ನಿಮ್ಮನ್ನು ನೋಡಿದ್ದರೆ ಖುಷಿಪಡುತ್ತಿದ್ದರು. ಕೆಲಸ ಮಾಡುವ ಮಾತನ್ನು ಗುರುತಿಸಲು ಅವರು ಕೊಟ್ಟ ಒಂದು ಪರೀಕ್ಷೆ ಇದೇ, ಇಂಗ್ಲಿಷಿನ "ಹಿಯರ್‌ಬೈ" ಸೇರುತ್ತದಾ ಅಂತ ನೋಡುವುದು. "ಈ ಮೂಲಕ ರಾಜೀನಾಮೆ ಕೊಡುತ್ತೇನೆ" ಸರಿ. "ಈ ಮೂಲಕ ಓಡುತ್ತೇನೆ" ಅಂದರೆ ಜನ ನಗುತ್ತಾರೆ. ಓಡುವುದಕ್ಕೆ ಕಾಲು ಬೇಕು, ಮಾತು ಸಾಲದು.

ಆಸ್ಟಿನ್ ಮೊದಲು ಹಿಡಿದ ಮಾದರಿ ಉತ್ತಮ ಪುರುಷ, ವರ್ತಮಾನ ಕಾಲ: ನಾನು ಆದೇಶಿಸುತ್ತೇನೆ, ನಾನು ಭಾಷೆ ಕೊಡುತ್ತೇನೆ.

ವ್ಯಾಕರಣದಕ್ಕ

ಅಲ್ಲೇ ನನ್ನ ತಕರಾರು ಪಂಡಿತರೇ. ಕನ್ನಡದ ಬಾಯಿಗೆ ವರ್ತಮಾನ ಅಷ್ಟು ಒಗ್ಗುವುದಿಲ್ಲ. ನಾವು ಕೆಲಸ ಮಾಡುವ ಮಾತನ್ನು ಭೂತಕಾಲದಲ್ಲಿ ಆಡುತ್ತೇವೆ. "ಸರಿ, ಒಪ್ಪಿದೆ." "ನಾನು ಸೋತೆ." "ಬಿಟ್ಟುಕೊಟ್ಟೆ, ನೀನೇ ಇಟ್ಕೋ." ಆ ಮಾತು ಆಡುವ ಮುಂಚೆ ಒಪ್ಪಿಗೆ ಎಲ್ಲಿತ್ತು? ಆಡಿದ ಕ್ಷಣದಲ್ಲಿ ಆಯಿತು, ಆದದ್ದರಿಂದ ಭೂತಕಾಲ. ಮೇಲೆ ಮೂರನೇ ಬೆಂಚಿನವರೇ "ಮಳೆ ವಾಪಸ್ ತಗೊಂಡೆ" ಅಂದರು, ನೋಡಿ. "ತಗೋತೀನಿ" ಅಂದಿದ್ದರೆ ಇನ್ನೂ ಯೋಚನೆ ಮಾಡುತ್ತಿದ್ದಾರೆ ಅನಿಸುತ್ತಿತ್ತು.

ಹಳೇ ಫೈಲು ಅವರ "ಆದೇಶಿಸಲಾಗಿದೆ"ಯಲ್ಲೂ ಅಷ್ಟೇ. ಆಗಿಹೋದ ಸುದ್ದಿಯ ಹಾಗೆ ಬರೆದಿರುತ್ತದೆ, ಆದರೆ ಆ ಕಾಗದವೇ ಆದೇಶ. ಅದರಲ್ಲಿ ಆದೇಶಿಸಿದವರು ಯಾರು ಅಂತಲೂ ಇಲ್ಲ! ಕರ್ತೃ ಮಾಯ.

ಸೀದಾಸಾದಾ

ಕರ್ತೃ ಮಾಯ. ನಾನು ಹೇಳಿದ್ದೂ ಅದೇ ಅಲ್ವಾ? ಜಾರಿಕೊಳ್ಳುವ ದಾರಿ.

ಹಳೇ_ಫೈಲು

ಇಲ್ಲ ಸರ್. ಕೆಳಗೆ ಸಹಿ, ಹುದ್ದೆ, ದಿನಾಂಕ ಇರುತ್ತೆ. ನಿಮ್ಮ ಹೆನ್ರಿ ಸಹಿ ಹಾಕಿರಲಿಲ್ಲ.

ಅಂಪೈರ್_ಅಲ್ಲ

ಭಾಷೆಯಿಂದ ಕೆಲಸ ಅಂದರೆ ಕ್ರಿಕೆಟ್ ಬಿಡೋಕಾಗುತ್ತಾ. ಬ್ಯಾಟರ್ ಔಟ್ ಆಗಿದ್ದರೂ ಯಾರೂ ಅಪೀಲ್ ಮಾಡದಿದ್ದರೆ ಅಂಪೈರ್ ಔಟ್ ಕೊಡುವಂತಿಲ್ಲ. 31ನೇ ನಿಯಮ. ಆ ಅಪೀಲ್ ಯಾವ ರೂಪದಲ್ಲಿದೆ? "ಹೌ ಈಸ್ ದಟ್?" ಅನ್ನೋ ಪ್ರಶ್ನೆ. ಹೇಗಿದೆ ಅಂತ ಕೇಳಿದ್ದಕ್ಕೆ ಅಂಪೈರ್ "ಚೆನ್ನಾಗಿದೆ" ಅಂತ ಉತ್ತರ ಕೊಟ್ಟರೆ ಹೇಗಿರುತ್ತೆ ಊಹೆ ಮಾಡಿ.

ಪ್ರಶ್ನೆಯ ವೇಷದಲ್ಲಿ ಕೋರಿಕೆ. ಉತ್ತರ ಒಂದು ಬೆರಳು. ಆ ಬೆರಳು ಎದ್ದ ಮೇಲೆ ಅವನು ಔಟ್.

ಚುಟುಕು

ಬ್ಯಾಟಿಗೆ ತಾಗಿದ್ದರೂ.

ಅಂಪೈರ್_ಅಲ್ಲ

ಆ ಗಾಯ ಕೆದಕಬೇಡಿ. ಆ ವಿಷಯಕ್ಕೆ ಬೇರೆ ಎಳೆ ಶುರು ಮಾಡಿ, ನಾನು ಬರುತ್ತೇನೆ.

ರನ್‌ವೇ_ಪಕ್ಕ

ನೀವೆಲ್ಲ ತಮಾಷೆ ಮಾಡುತ್ತಿದ್ದೀರಿ. ನಮ್ಮ ವಿಮಾನದ ಜಗತ್ತಿನಲ್ಲಿ ಇದೇ ಪ್ರಶ್ನೆಗೆ ಜನ ಸತ್ತಿದ್ದಾರೆ. ಸ್ವಲ್ಪ ಉದ್ದ ಆಗುತ್ತದೆ, ಓದಿ.

1990ರ ಜನವರಿ 25. ಕೊಲಂಬಿಯಾದಿಂದ ನ್ಯೂಯಾರ್ಕ್‌ಗೆ ಬರುತ್ತಿದ್ದ ಏವಿಯಾಂಕಾ 52. ಹವಾಮಾನ ಕೆಟ್ಟಿತ್ತು. ಒಂದು ಗಂಟೆಗೂ ಜಾಸ್ತಿ ಹೊತ್ತು ಆಕಾಶದಲ್ಲೇ ಸುತ್ತು ಹಾಕಿಸಿದರು. ಸಹ ಪೈಲಟ್ ರೇಡಿಯೋದಲ್ಲಿ ಇಂಧನ ಮುಗಿಯುತ್ತಾ ಬಂದಿದೆ ಅಂತ ಹೇಳಿದರು, ಆದ್ಯತೆ ಬೇಕು ಅಂತಲೂ ಹೇಳಿದರು. ಆದರೆ "ಎಮರ್ಜೆನ್ಸಿ" ಅನ್ನೋ ಪದ ಒಮ್ಮೆಯೂ ಬಾಯಿಗೆ ಬರಲಿಲ್ಲ. ಇಳಿಯುವ ಹೊತ್ತಿಗೆ ಎಲ್ಲ ವಿಮಾನದಲ್ಲೂ ಇಂಧನ ಕಮ್ಮಿಯಾಗುತ್ತಿರುತ್ತದೆ, ಕಂಟ್ರೋಲರ್‌ಗೆ ಅದು ಬರೀ ಮಾಹಿತಿ. ಕೊನೆಗೆ ಎಂಜಿನ್ ನಿಂತು ಲಾಂಗ್ ಐಲೆಂಡ್‌ನಲ್ಲಿ ಬಿತ್ತು. 158 ಜನರಲ್ಲಿ 73 ಜನ ಹೋದರು. ತುರ್ತು ಪರಿಸ್ಥಿತಿ ಅಂತ ಘೋಷಿಸದೇ ಇದ್ದದ್ದೂ ಒಂದು ಕಾರಣ ಅಂತ ತನಿಖೆ ಹೇಳಿತು. ಪಂಡಿತರ ಲೆಕ್ಕದಲ್ಲಿ, ಷರತ್ತು ಮುಟ್ಟಿದರು, ಕೋರಿಕೆ ಎದ್ದು ನಿಲ್ಲಲಿಲ್ಲ.

ಅದಕ್ಕೇ "ಮೇಡೇ, ಮೇಡೇ, ಮೇಡೇ" ಅಂತ ಮೂರು ಸಲ ಹೇಳಬೇಕು ಅನ್ನುವುದು. ಅದು ಪರಿಸ್ಥಿತಿಯ ವಿವರಣೆ ಅಲ್ಲ. ಅಂದ ಕ್ಷಣ ಉಳಿದವರೆಲ್ಲ ದಾರಿ ಬಿಡಬೇಕು.

ಇನ್ನೊಂದು, ಸ್ಪೇನಿನ ಟೆನೆರಿಫ್ ದ್ವೀಪ. 1977ರ ಮಾರ್ಚ್ 27. ಮಂಜು. ರನ್‌ವೇ ಮೇಲೆ ಎರಡು ಬೋಯಿಂಗ್ 747 ವಿಮಾನ. ಟೇಕಾಫ್ ಆದ ಮೇಲೆ ಯಾವ ದಾರಿ ಹಿಡಿಯಬೇಕು ಅನ್ನುವ ಅನುಮತಿಯನ್ನು ಕಂಟ್ರೋಲರ್ ಓದಿ ಹೇಳಿದರು. ಅದರಲ್ಲಿ ಟೇಕಾಫ್ ಅನ್ನೋ ಪದ ಇತ್ತು. ಹಾರಲು ಅನುಮತಿ ಸಿಕ್ಕಿರಲಿಲ್ಲ, ಅವುಗಳಲ್ಲಿ ಒಂದಾದ ಕೆಎಲ್‌ಎಂ ವಿಮಾನದ ಕ್ಯಾಪ್ಟನ್ ಹೊರಟೇಬಿಟ್ಟರು. ಸಹ ಪೈಲಟ್ "ನಾವೀಗ ಟೇಕಾಫ್‌ನಲ್ಲಿದ್ದೇವೆ" ಅನ್ನೋ ಥರ ಏನೋ ಅಂದರು. ಅದು ನಿಂತಿದ್ದೇವೆ ಅಂತಲಾ, ಓಡುತ್ತಿದ್ದೇವೆ ಅಂತಲಾ? ಕಂಟ್ರೋಲರ್ "ಓಕೆ" ಅಂದರು. ಕಾಯಿರಿ, ಕರೆಯುತ್ತೇನೆ ಅಂದದ್ದು ರೇಡಿಯೋ ಗದ್ದಲದಲ್ಲಿ ಸರಿಯಾಗಿ ಕೇಳಲಿಲ್ಲ. ಎರಡೂ ಡಿಕ್ಕಿ ಹೊಡೆದು 583 ಜನ ಸತ್ತರು.

ಆಮೇಲೆ ನಿಯಮ ಬಂತು. ಟೇಕಾಫ್ ಅನ್ನೋ ಪದ ನಿಜವಾಗಿ ಹಾರಲು ಅನುಮತಿ ಕೊಡುವಾಗ, ಅಥವಾ ಕೊಟ್ಟದ್ದನ್ನು ರದ್ದು ಮಾಡುವಾಗ ಮಾತ್ರ. ಬೇರೆಲ್ಲ ಕಡೆ "ಡಿಪಾರ್ಚರ್". ಒಂದು ಪದವನ್ನು ಮಾಮೂಲಿ ಮಾತಿನಿಂದ ತೆಗೆದು ಬೀಗ ಹಾಕಿಟ್ಟರು, ಅದು ಕೆಲಸ ಮಾಡೋ ಪದ ಅಂತ. ಮುಖ್ಯ ಅನುಮತಿಗಳನ್ನು ಕೇಳಿದವರು ವಾಪಸ್ ಓದಿ ಹೇಳಲೇಬೇಕು. "ಹೌದು ಸರ್" ಅಂದರೆ ಸಾಲದು ಮೂರನೇ ಬೆಂಚಿನವರೇ.

ಅವಳಿ_ಅಮ್ಮ

ಇದನ್ನು ಓದಿ ಸ್ವಲ್ಪ ಹೊತ್ತು ಸುಮ್ಮನೆ ಕೂತೆ.

ಕೋಡು_ಕುಟ್ಟುವವ

ಪದಕ್ಕೆ ಬೀಗ ಹಾಕೋದು ನಮ್ಮಲ್ಲೂ ಇದೆ. ಇಂಟರ್‌ನೆಟ್ ಮಾನದಂಡ ಬರೆಯುವವರು 1997ರಲ್ಲಿ ಆರ್‌ಎಫ್‌ಸಿ 2119 ಅಂತ ಒಂದು ಪುಟ್ಟ ದಾಖಲೆ ಮಾಡಿದರು. ಮಸ್ಟ್ ಅಂದರೆ ಮಾಡಲೇಬೇಕು. ಶುಡ್ ಅಂದರೆ ಮಾಡಬೇಕು, ಆದರೆ ಗಟ್ಟಿ ಕಾರಣ ಇದ್ದು, ಪರಿಣಾಮ ಯೋಚಿಸಿದ್ದರೆ ಬಿಡಬಹುದು. ಮೇ ಅಂದರೆ ನಿಮ್ಮಿಷ್ಟ. ಆಮೇಲೆ 2017ರಲ್ಲಿ ಇನ್ನೊಂದು ತಂದು, ದೊಡ್ಡಕ್ಷರದಲ್ಲಿ ಬರೆದರೆ ಮಾತ್ರ ಈ ಅರ್ಥ ಅಂತ ಸ್ಪಷ್ಟ ಮಾಡಿದರು. ದೊಡ್ಡಕ್ಷರದಲ್ಲಿ ಆದೇಶ, ಚಿಕ್ಕಕ್ಷರದಲ್ಲಿ ಬರೀ ಮಾತು!

ಅಕ್ಕ ಹೇಳಿದ ನಿಮಂತ್ರಣ, ಆಮಂತ್ರಣ ಅಂದರೆ ನಮ್ಮ ಮಸ್ಟ್ ಮತ್ತು ಮೇ.

ವ್ಯಾಕರಣದಕ್ಕ

ನಮ್ಮದು ನಿಮ್ಮದಕ್ಕಿಂತ ಸ್ವಲ್ಪ ಹಳೆಯದು ಮಗು.

ತೋಪು_ತುಪಾಕಿ

ಹಾಗಾದರೆ ಮನೆ, ಕಚೇರಿ ಎಲ್ಲ ಕಡೆ ಇದನ್ನೇ ಮಾಡಿದರೆ ಮುಗೀತು. ಎಲ್ಲರೂ "ಮಾಡು" ಅನ್ನಲಿ.

ಅರೆಬರೆ_ಪಂಡಿತ

ಅಂಥ ಸಮುದಾಯ ಇದೆ. ಫಿಲಿಪ್ಪೀನ್ಸ್‌ನ ಇಲೊಂಗೋಟ್ ಜನರ ನಡುವೆ ಇದ್ದು ಬಂದ ಮಾನವಶಾಸ್ತ್ರಜ್ಞೆ ಮಿಶೆಲ್ ರೊಸಾಲ್ಡೊ 1982ರಲ್ಲಿ ಅಚ್ಚಾದ ಲೇಖನದಲ್ಲಿ ಸರ್ಲ್ ಮೇಲೆ ಒಳ್ಳೆಯ ಚಾಟಿ ಬೀಸಿದರು. ಅಲ್ಲಿ ಮಾತು ಅಂದರೆ ಮೊದಲು ನೆನಪಾಗುವುದೇ ಅಪ್ಪಣೆ. ಅದು ಒರಟಲ್ಲ, ನಂಟಿನ ಗುರುತು. ಪಾಶ್ಚಾತ್ಯರು "ನನ್ನ ಮನಸ್ಸಿನ ಉದ್ದೇಶ, ನನ್ನ ವಚನ" ಅಂತ ಒಳಗಿನಿಂದ ಶುರು ಮಾಡುತ್ತಾರೆ, ಎಲ್ಲರೂ ಹಾಗಲ್ಲ ಅಂತ ಅವರ ವಾದ.

ಇನ್ನೊಂದು ಕಡೆ ಬ್ರೌನ್ ಮತ್ತು ಲೆವಿನ್‌ಸನ್ ಅನ್ನೋ ಭಾಷಾವಿಜ್ಞಾನಿಗಳು ಇದ್ದಾರೆ. ತಮಿಳು, ಮೆಕ್ಸಿಕೋದ ಜೆಲ್ಟಾಲ್, ಇಂಗ್ಲಿಷ್ ಮೂರನ್ನೂ ಇಟ್ಟುಕೊಂಡು, ಮಾತು ಎಷ್ಟು ಸುತ್ತಬೇಕು ಅನ್ನುವುದಕ್ಕೆ ಮೂರು ಅಳತೆ ಕೊಟ್ಟರು: ಎದುರಿನವರ ಅಧಿಕಾರ, ಇಬ್ಬರ ನಡುವಿನ ದೂರ, ಕೆಲಸದ ಭಾರ. ಆ ಲೆಕ್ಕದಲ್ಲಿ ನಿಮ್ಮ ಮ್ಯಾನೇಜರ್ ಸುತ್ತಬೇಕಾಗಿಯೇ ಇರಲಿಲ್ಲ. ಅಧಿಕಾರ ಅವರದ್ದೇ. ಕೆಲಸದ ಭಾರ ಜಾಸ್ತಿ ಅಂತ ಅವರಿಗೇ ಸಂಕೋಚ ಆಯಿತೋ ಏನೋ, ಸಂಜೆ ಹೊತ್ತು, ನೀವು ಹೊರಡುತ್ತಿದ್ದಿರಿ.

ಸೀದಾಸಾದಾ

ಸಂಕೋಚ ಇದ್ದವರು ಮರುದಿನ ಎಲ್ಲರ ಎದುರು ಬೈತಾರಾ? ಲೆಕ್ಕ ಸರಿಹೋಗಲಿಲ್ಲ.

ಅರೆಬರೆ_ಪಂಡಿತ

ಅದು ನಿಜ. ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ.

ವ್ಯಾಕರಣದಕ್ಕ

"ಎಲ್ಲರೂ ಮಾಡು ಅನ್ನಲಿ" ಅಂದವರಿಗೆ ಒಂದು ಮಾತು. ಕನ್ನಡದಲ್ಲಿ ಮಾಡು ಒಂದೇ ಇಲ್ಲ. "ಬಾಗಿಲು ಹಾಕು", "ಹಾಕಿಬಿಡು", "ಒಂಚೂರು ಹಾಕು", "ಹಾಕ್ತೀಯಾ", "ಹಾಕಿಕೊಡ್ತೀಯಾ", "ಹಾಕಬಾರದಾ". ಕೊನೆಯದು ನೋಡಿ, ರೂಪದಲ್ಲಿ ನಿಷೇಧ, ಪ್ರಶ್ನೆ. ಅರ್ಥದಲ್ಲಿ ಹಾಕು ಅಂತ, ಜೊತೆಗೆ ಇಷ್ಟು ಹೊತ್ತು ಯಾಕೆ ಹಾಕಲಿಲ್ಲ ಅನ್ನೋ ಚುಚ್ಚು. "ಒಂಚೂರು" ಅಂದರೆ ಬಾಗಿಲನ್ನು ಅರ್ಧ ಹಾಕು ಅಂತಲ್ಲ, ಕೋರಿಕೆಯ ಭಾರವನ್ನು ಒಂಚೂರು ಮಾಡುವುದು. ಇನ್ನು "ದಯವಿಟ್ಟು" ಬಾಯಲ್ಲಿ ಬರುವುದು ಕಮ್ಮಿ, ಫಲಕದ ಮೇಲೆ ಜಾಸ್ತಿ. ಮನೆಯಲ್ಲಿ ಯಾರಾದರೂ "ದಯವಿಟ್ಟು ಸುಮ್ನಿರು" ಅಂದರೆ ಅದು ವಿನಯ ಅಲ್ಲ, ಕೊನೆಯ ಎಚ್ಚರಿಕೆ.

"ಕ್ಷಮಿಸಿ" ತಗೊಳ್ಳಿ. ತಪ್ಪು ಮಾಡಿದವನು ಎದುರಿನವನಿಗೆ ವಿಧ್ಯರ್ಥಕದಲ್ಲಿ ಹೇಳುವುದು, ನೀನು ನನ್ನನ್ನು ಕ್ಷಮಿಸು ಅಂತ. ರೂಪ ನೋಡಿದರೆ ಅಪ್ಪಣೆ!

ಮೂರನೇ_ಬೆಂಚು

ಅಯ್ಯೋ, ಶುಕ್ರವಾರ ಅವರಿಗೆ ನಾನು ಅದನ್ನೇ ಅಂದೆ.

ಜಗಲಿ_ಮಾತು

ರಾಜಕೀಯ ಇಲ್ಲದ ಪೋಸ್ಟ್ ಇದು, ನಿರ್ವಾಹಕರು ನಿಶ್ಚಿಂತೆಯಾಗಿರಲಿ. ರೂಪ ಒಂದು, ಕೆಲಸ ಉಲ್ಟಾ ಅನ್ನುವುದಕ್ಕೆ 9ನೇ ಶತಮಾನದ ಕಾವ್ಯಮೀಮಾಂಸಕ ಆನಂದವರ್ಧನನ ಉದಾಹರಣೆಯನ್ನು ಮೀರಿಸುವುದು ನಾನು ಕಂಡಿಲ್ಲ. ಅವನು ಎತ್ತಿಕೊಂಡ ಒಂದು ಪ್ರಾಕೃತ ಗಾಥೆಯಲ್ಲಿ ಹುಡುಗಿಯೊಬ್ಬಳು ಸನ್ಯಾಸಿಗೆ ಹೇಳುತ್ತಾಳೆ: ನಿಶ್ಚಿಂತೆಯಿಂದ ಓಡಾಡಿ ಸ್ವಾಮಿ, ನಿಮ್ಮನ್ನು ಹೆದರಿಸುತ್ತಿದ್ದ ಆ ನಾಯಿಯನ್ನು ಗೋದಾವರಿ ದಡದ ಪೊದೆಯಲ್ಲಿರುವ ಸಿಂಹ ಇವತ್ತು ಕೊಂದುಹಾಕಿತು. ಮಾತಿನಲ್ಲಿ ಅನುಮತಿ. ಧ್ವನಿಯಲ್ಲಿ, ಅಂದರೆ ಸೂಚಿಸುವ ಅರ್ಥದಲ್ಲಿ, ಆ ಕಡೆ ಕಾಲಿಡಬೇಡ ಅಂತ. ಆ ಪೊದೆ ಅವಳ ಗುಟ್ಟಿನ ಭೇಟಿಯ ಜಾಗ.

ಆ ಸನ್ಯಾಸಿ ಮೂರನೇ ಬೆಂಚಿನವರಾಗಿದ್ದರೆ ಥ್ಯಾಂಕ್ಸ್ ಹೇಳಿ ನೇರ ಪೊದೆಗೆ ಹೋಗುತ್ತಿದ್ದರು.

ಚುಟುಕು

😂 ಸಿಂಹಕ್ಕೂ "ಹೌದು ಸರ್" ಅನ್ನುತ್ತಿದ್ದರು.

ಮೂರನೇ_ಬೆಂಚು

ಎಲ್ಲರೂ ಸೇರಿ ಚೆನ್ನಾಗಿ ಆಡಿಕೊಂಡಿರಿ. ಮುಂದೆ ಏನಾಯಿತು ಅಂತ ಹೇಳುತ್ತೇನೆ.

ಸೋಮವಾರ ಮ್ಯಾನೇಜರ್ ಮತ್ತೆ ಬಂದು "ಆ ಪಟ್ಟಿ ಒಂಚೂರು ನೋಡಿದ್ರೆ ಒಳ್ಳೇದಿತ್ತು" ಅಂದರು. ರನ್‌ವೇ ಅವರ ಮಾತು ನೆನಪಾಗಿ ವಾಪಸ್ ಓದಿ ಹೇಳಿದೆ: "ಸರ್, ಪಟ್ಟಿ ಇವತ್ತೇ ನೋಡಿ ಮುಗಿಸಬೇಕು, ಹೌದಾ? ಅಥವಾ ಸಮಯ ಸಿಕ್ಕಾಗ ನೋಡಬಹುದಾ?" ಅವರು ಒಂದು ಕ್ಷಣ ನನ್ನ ಮುಖ ನೋಡಿದರು. "ಸಮಯ ಸಿಕ್ಕಾಗ ನೋಡಿ, ಅರ್ಜೆಂಟ್ ಏನಿಲ್ಲ" ಅಂದು ಹೋದರು. ನಿಜಕ್ಕೂ ಆಮಂತ್ರಣವೇ ಆಗಿತ್ತು!

ಆದರೆ ಮಂಗಳವಾರದಿಂದ ಅವರ ಮಾತು ಬದಲಾಗಿದೆ. ನನಗೆ ಮಾತ್ರ. ಪಕ್ಕದವನಿಗೆ ಇನ್ನೂ "ಸಿಕ್ಕಿದ್ರೆ ಚೆನ್ನಾಗಿತ್ತು" ಅಂತಾರೆ. ನನ್ನ ಹತ್ತಿರ ಬಂದು "ಐದು ಗಂಟೆಗೆ ಬೇಕು. ಮಾಡಿ." ನಾನೇ ಕೇಳಿದ್ದು, ಸಿಕ್ಕಿತು. ಆದರೂ ಯಾಕೋ ಕೇಳಿದಾಗಲೆಲ್ಲ ಸ್ವಲ್ಪ ಚುಚ್ಚುತ್ತದೆ.

ಸೀದಾಸಾದಾ

ಈಗ ಗೊಂದಲ ಇಲ್ಲವಲ್ಲ, ಅಷ್ಟು ಸಾಕು.

ಅವಳಿ_ಅಮ್ಮ

ಸಾಕಾಗಲ್ಲ ಸರ್. ನಾನು "ಎತ್ತಿಡು" ಅಂತ ನೇರ ಹೇಳೋಕೆ ಶುರು ಮಾಡಿದ ಮೇಲೆ ಸಾಮಾನು ಎತ್ತಿಡ್ತಾರೆ, ನಿಜ. ಮೊನ್ನೆ ಒಬ್ಬಳು ಕೇಳಿದಳು, "ಅಮ್ಮಾ, ನೀನು ಈಗ ನಮ್ಮನ್ನು ಕೇಳೋದೇ ಇಲ್ಲ ಯಾಕೆ?"

ಚುಟುಕು

ಅದು ಪ್ರಶ್ನೆಯಾ, ದೂರಾ?

ಅವಳಿ_ಅಮ್ಮ

ಕೋರಿಕೆ.

ನಿರ್ವಾಹಕ

ಎಳೆ ಉದ್ದ ಆಯಿತು. ಈ ಮೂಲಕ ಮುಚ್ಚಲಾಗಿದೆ.

ಹಳೇ_ಫೈಲು

ಸಹಿ ಎಲ್ಲಿ?